ಮರೆತುಹೋದ ಜಾಗ ಅಂತೀರಲ್ಲ, ಮರೆತವರು ಯಾರು?

ಪ್ರಶ್ನೆ: ನಾನು ಅಂಕೋಲಾದವಳು, ಹುಬ್ಬಳ್ಳೀಲಿ ಕೆಲಸ. ನಮ್ಮ ಉತ್ತರ ಕನ್ನಡ ಜಿಲ್ಲೆಯ ಮರೆತುಹೋದ ಜಾಗಗಳ ಮೇಲೆ ಅರ್ಧ ತಾಸಿನ ಒಂದು ಡಾಕ್ಯುಮೆಂಟರಿ ಮಾಡ್ಬೇಕು ಅಂತಿದ್ದೇನೆ. ಸದಾಶಿವಗಡ, ಅಂಜುದೀವ್, ಮಿರ್ಜಾನ್ ಕೋಟೆ, ಸೋಂದಾ, ಗೇರುಸೊಪ್ಪೆ, ಇಷ್ಟನ್ನೂ ಸೇರಿಸಿ. ಒಳ್ಳೇ ಮೊಬೈಲ್ ಇದೆ, ಸಣ್ಣ ಡ್ರೋನ್ ಇದೆ, 60 ಸಾವಿರ ಕೂಡಿಟ್ಟಿದ್ದೇನೆ. ಹಿಂದೆ ಒಂದು ವಿಡಿಯೋ ಮಾಡಿದ್ದೆ, ನೋಡಿದವ್ರೆಲ್ಲ ಟೂರಿಸಂ ಜಾಹೀರಾತಿನ ಥರ ಇದೆ ಅಂದ್ರು. ನನ್ನ ಅಜ್ಜಿ ಮನೆ ಕಾರವಾರದ ನೌಕಾನೆಲೆ ಯೋಜನೆ ಸೀಬರ್ಡ್‌ಗೆ ಹೋದದ್ದು, ಅದನ್ನೂ ಕೊನೇಲಿ ಒಂದೆರಡು ನಿಮಿಷ ಹಾಕೋ ಆಸೆ. ಎಲ್ಲಿಂದ ಶುರು ಮಾಡ್ಲಿ?

ಉತ್ತರ: ತಂಗೀ, ನೀವು ಕೊನೆಗೆ ತಳ್ಳಿಬಿಟ್ಟಿರೋ ಆ ಎರಡು ನಿಮಿಷ ಇದ್ಯಲ್ಲ, ಅದೇ ನಿಮ್ಮ ಸಿನಿಮಾ. ಉಳಿದ ಐದು ಜಾಗಾನೂ ಸದ್ಯಕ್ಕೆ ಬಿಟ್ಟುಬಿಡಿ.

ಬೇಜಾರಾಗ್ಬೇಡಿ. ಲೆಕ್ಕ ಹಾಕಿ ನೋಡಿ, ಅರ್ಧ ತಾಸಲ್ಲಿ ಐದು ಜಾಗ ಅಂದ್ರೆ ಒಂದಕ್ಕೆ ಆರು ನಿಮಿಷ, ಅದ್ರಲ್ಲಿ ಹೋಗೋ ದಾರಿ, ಮೇಲಿಂದ ಒಂದು ಡ್ರೋನ್ ಶಾಟು, ಪಾಚಿ ಹಿಡಿದ ಗೋಡೆ, ಬೇರು ಇಳಿದ ಕಲ್ಲು, ಹಿಂದೆ ಒಂದು ಕೊಳಲು, ಅದರ ಮೇಲೆ ಬೋರ್ಡಲ್ಲಿ ಬರೆದದ್ದನ್ನೇ ನೀವು ಗಂಭೀರ ದನೀಲಿ ಓದೋದು, ಮುಗೀತು. ಜಾಹೀರಾತೂ ಮಾಡೋದು ಇದನ್ನೇ, ಕೊನೇಲಿ ಹೋಟೆಲ್ ಹೆಸರು ಬರತ್ತೆ ಅಷ್ಟೇ ವ್ಯತ್ಯಾಸ. ನಿಮ್ಮ ವಿಡಿಯೋ ಹಾಗೆ ಕಂಡದ್ದಕ್ಕೆ ಕಾರಣ ಕ್ಯಾಮೆರಾನೂ ಅಲ್ಲ, ಎಡಿಟಿಂಗೂ ಅಲ್ಲ, ಅದ್ರಲ್ಲಿ ಮನುಷ್ಯರು ಇರ್ಲಿಲ್ಲ.

"ಮರೆತುಹೋದ" ಅನ್ನೋ ಶಬ್ದದ ಮೇಲೇ ನನಗೆ ಈಗ ಅನುಮಾನ ಬಂದುಬಿಟ್ಟಿದೆ. ಇಪ್ಪತ್ತು ವರ್ಷದ ಹಿಂದೆ ಸೋಂದಾ ಕಡೆ ಕಾಡೊಳಗೆ ಒಂದು ಹಾಳು ಗುಡಿ ಹುಡುಕಿಕೊಂಡು ಹೋಗಿದ್ದೆ, ಕಾಲಿಗೆಲ್ಲಾ ಉಂಬಳ ಹತ್ತಿಸ್ಕೊಂಡು, ದೊಡ್ಡ ಸಾಹಸ ಮಾಡಿದ ಹಾಗೆ. ಕ್ಯಾಮೆರಾ ಮುಂದೆ ನಿಂತು "ಯಾರೂ ಕಾಲಿಡದ, ಎಲ್ಲರೂ ಮರೆತ ಜಾಗ" ಅಂತ ಭಾಷಣ ಬೇರೆ. ಮನೆಗೆ ಬಂದು ದೊಡ್ಡ ಸ್ಕ್ರೀನಲ್ಲಿ ಹಾಕಿ ನೋಡ್ತೇನೆ, ನನ್ನ ಮೊಣಕೈ ಪಕ್ಕದಲ್ಲೇ, ಒಡೆದ ಕಲ್ಲಿನ ಮೇಲೆ ಒಂದು ಕೆಂಪು ದಾಸವಾಳ, ಇನ್ನೂ ಬಾಡಿಲ್ಲ, ಪಕ್ಕಕ್ಕೆ ಅರ್ಧ ಉರಿದ ಬತ್ತಿ. ಅಂದ್ರೆ ಅವತ್ತು ಬೆಳಿಗ್ಗೆ ಯಾರೋ ಬಂದು ಪೂಜೆ ಮಾಡಿ ಹೋಗಿದಾರೆ, ಬಹುಶಃ ದಿನಾ ಬರ್ತಾರೆ, ನಾನು ಮಾತ್ರ ಮೊದಲ ಸಲ ಬಂದವನು. ಪುನಃ ಅಲ್ಲಿಗೆ ಹೋಗಿ ಆ ಹೂವಿಟ್ಟವರನ್ನ ಹುಡುಕಿದ್ರೆ ಅದು ಡಾಕ್ಯುಮೆಂಟರಿ ಆಗ್ತಿತ್ತು. ನಾನು ಏನು ಮಾಡಿದೆ ಗೊತ್ತಾ? ಹೂವು ಕಾಣದ ಹಾಗೆ ಫ್ರೇಮ್ ಕ್ರಾಪ್ ಮಾಡಿದೆ. ಇವತ್ತಿಗೂ ನಾಚಿಕೆ ಆಗತ್ತೆ.

ಕಾರವಾರದ ಟಾಗೋರ್ ಕಥೆನೇ ತಗೊಳ್ಳಿ. ಅಣ್ಣ ಸತ್ಯೇಂದ್ರನಾಥರು ಇಲ್ಲಿ ಜಡ್ಜ್ ಆಗಿದ್ದಾಗ ತಮ್ಮ ರವೀಂದ್ರನಾಥರು ಬಂದು ಉಳಿದಿದ್ರು, 1883ರ ಆಸುಪಾಸು, ಆ ಕಡಲ ದಂಡೆಗೇ ಈಗ ಅವರ ಹೆಸರು. ಬೆಳದಿಂಗಳಲ್ಲಿ ಕಾಳಿ ನದೀಲಿ ದೋಣಿ ಹತ್ತಿ ಹೋದದ್ದು, ದಡಕ್ಕಿಳಿದು ಒಬ್ಬ ರೈತನ ಗುಡಿಸಿಟ್ಟ ಅಂಗಳದಲ್ಲಿ ಕೂತು ಊಟ ಮಾಡಿದ್ದು ಅವರ ನೆನಪಿನ ಬರಹದಲ್ಲೇ ಬರತ್ತೆ. ಕಾರವಾರದ ಮೇಲೆ ವಿಡಿಯೋ ಮಾಡೋ ಪ್ರತಿಯೊಬ್ಬರೂ ಟಾಗೋರ್ ಬಂದಿದ್ರು ಅಂತಾರೆ, ಆದ್ರೆ ಆ ಅಂಗಳ ಯಾರದ್ದು, ನದೀ ದಂಡೇಲಿ ಆಗ ಯಾರು ಗದ್ದೆ ಮಾಡ್ತಿದ್ರು, ಅವರ ಮಕ್ಕಳು ಮರಿ ಈಗ ಎಲ್ಲಿದಾರೆ ಅಂತ ಕೇಳಿದವರನ್ನ ನಾನು ಕಂಡಿಲ್ಲ. ಬಂದುಹೋದ ದೊಡ್ಡವರ ಹೆಸರು ಬೋರ್ಡ್ ಮೇಲೆ ಹತ್ತತ್ತೆ, ಜಗಲಿ ಬಿಟ್ಟುಕೊಟ್ಟವರದ್ದು ಹತ್ತಲ್ಲ.

ಸರಿ, ನಿಮ್ಮ ಅಜ್ಜಿ ವಿಷಯಕ್ಕೆ ಬರೋಣ. ಸೀಬರ್ಡ್‌ನ ಅಡಿಗಲ್ಲು ಇಟ್ಟದ್ದು ರಾಜೀವ್ ಗಾಂಧಿ, 1986ರ ಅಕ್ಟೋಬರ್ 24ಕ್ಕೆ. ಐಎನ್‌ಎಸ್ ಕದಂಬ ಅಂತ ನೌಕಾನೆಲೆ ಶುರುವಾದದ್ದು 2005ರ ಮೇ 31ಕ್ಕೆ. ಈ ಎರಡು ತಾರೀಖಿನ ನಡುವೆ ಬಿಣಗಾದಿಂದ ಈಚೆ ಅರಗಾ, ಚೆಂಡಿಯಾ, ಅಮದಳ್ಳಿ ಕಡೆಯ ಹದಿಮೂರು ಹಳ್ಳಿ, ನಾಲ್ಕು ಸಾವಿರಕ್ಕಿಂತ ಹೆಚ್ಚು ಮನೆಯವರು ಗಂಟುಮೂಟೆ ಕಟ್ಟಿದ್ರು. ಅಡಿಗಲ್ಲಿನ ಫೋಟೋ ಸಿಗತ್ತೆ, ಉದ್ಘಾಟನೆ ಫೋಟೋನೂ ಸಿಗತ್ತೆ, ನಡುವಿನ ಹತ್ತೊಂಬತ್ತು ವರ್ಷದ್ದು ಬೇಕು ಅಂದ್ರೆ ಜನರ ಮನೆಯ ಟ್ರಂಕಿನಲ್ಲೇ ಹುಡುಕ್ಬೇಕು. ನಮ್ಮ ಕಡೆ ಅವ್ರನ್ನ ಇವತ್ತಿಗೂ "ಸೀಬರ್ಡ್ ನಿರಾಶ್ರಿತರು" ಅಂತಲೇ ಕರೀತಾರೆ. ಎಷ್ಟೋ ವರ್ಷದಿಂದ ಸ್ವಂತ ಮನೇಲಿ ಇದ್ದವ್ರನ್ನೂ ನಿರಾಶ್ರಿತರು ಅನ್ನೋದು ಯಾಕೆ, ಅಜ್ಜಿ ತಮ್ಮನ್ನ ಹಾಗೆ ಕರ್ಕೊಳ್ತಾರಾ, ಮೊಮ್ಮಕ್ಕಳು ಕರ್ಕೊಳ್ತಾರಾ? ಇದೊಂದನ್ನ ಬೆನ್ನು ಹತ್ತಿದ್ರೂ ಹತ್ತು ನಿಮಿಷದ ಸಿನಿಮಾ ಇದೆ.

ಈಗ ಅಜ್ಜಿ ಎದುರು ಕ್ಯಾಮೆರಾ ಇಟ್ಟು "ಊರು ಬಿಡೋವಾಗ ಏನನ್ನಿಸ್ತು" ಅಂತ ಮಾತ್ರ ಕೇಳ್ಬೇಡಿ, ಕೈಮುಗಿದು ಕೇಳ್ಕೊಳ್ತೇನೆ. ಹಾಗೆ ಕೇಳಿದ್ರೆ ಅವರು ಅಳ್ತಾರೆ, ಇಲ್ಲಾ "ಎಂತ ಮಾಡೂದು, ಹೋತು" ಅಂತಾರೆ. ಎರಡೂ ಸುಳ್ಳಲ್ಲ, ಆದ್ರೆ ಎರಡರಿಂದಲೂ ನೋಡುವವನಿಗೆ ಏನೂ ಗೊತ್ತಾಗಲ್ಲ. ವಸ್ತು ಕೇಳಿ, ದಿಕ್ಕು ಕೇಳಿ. ಅಡುಗೆಮನೆ ಬಾಗಿಲು ಯಾವ ಕಡೆಗಿತ್ತು, ಬಾವಿ ನೀರಿಗೆ ಉಪ್ಪು ಹತ್ತಿತ್ತಾ, ಬೇಸಿಗೇಲಿ ಯಾರ ಮನೆ ಬಾವಿಗೆ ಹೋಗ್ತಿದ್ರಿ, ಬಂಗಡೆ ಜಾಸ್ತಿ ಬಿದ್ದ ದಿನ ಏನು ಮಾಡ್ತಿದ್ರಿ, ರಂಪಣಿ ಬಲೆ ಎಳೆಯೋಕೆ ಮನೆಯಿಂದ ಯಾರು ಹೋಗ್ತಿದ್ರು, ಪಾಲು ಹೇಗೆ ಹಂಚ್ತಿದ್ರು. ಒಂದು ಬಾಗಿಲು ನೆನಪಾದ್ರೆ ಸಾಕು, ಅದರ ಹಿಂದೆ ಇಡೀ ಮನೆ ಬರತ್ತೆ.

ಇದು ನನ್ನ ಸ್ವಂತ ಬುದ್ಧಿ ಅಲ್ಲ, ಒಬ್ಬ ಅಜ್ಜ ಕಲಿಸಿದ್ದು. ಸೂಪಾ ಅಣೆಕಟ್ಟಿನಲ್ಲಿ ಹಳೇ ಸೂಪಾ ಪೇಟೆ ಮುಳುಗಿತಲ್ಲ, ಕಾಳಿ ಮತ್ತೆ ಪಾಂಡ್ರಿ ಕೂಡೋ ಜಾಗದಲ್ಲಿದ್ದ ಪೇಟೆ, ತಾಲೂಕಿಗೇ ಅದರ ಹೆಸರಿತ್ತು, ಈಗ ತಾಲೂಕು ಜೋಯಿಡಾ ಆಗಿದೆ, ಅಲ್ಲಿಂದ ಎದ್ದವರಲ್ಲಿ ಸುಮಾರು ಜನ ರಾಮನಗರದಲ್ಲಿ ಇದಾರೆ. ಅಲ್ಲಿ ಒಬ್ಬರ ಮನೆಗೆ ಹೋಗಿದ್ದೆ. ಎಷ್ಟು ಕೇಳಿದ್ರೂ ಅಜ್ಜ "ದೊಡ್ಡ ಪೇಟೆ, ಎಲ್ಲಾ ಇತ್ತು" ಅನ್ನೋದು ಬಿಟ್ಟು ಮುಂದೆ ಹೋಗ್ಲಿಲ್ಲ. ಕೊನೆಗೆ ನಾನು ಬ್ಯಾಗ್ ಕಟ್ಟೋವಾಗ ಮೊಮ್ಮಗಳ ಕಂಪಾಸ್ ಬಾಕ್ಸಿಂದ ಒಂದು ತುಂಡು ಚಾಕ್ ತಗೊಂಡು ಕೆಂಪು ಸಿಮೆಂಟ್ ನೆಲದ ಮೇಲೆ ಕೂತು ಗೀರೋಕೆ ಶುರು ಮಾಡಿದ್ರು. ಇದು ರಸ್ತೆ, ಇದು ಹೊಳೆ, ಇಲ್ಲಿ ಹಿಟ್ಟಿನ ಗಿರಣಿ, ಇದು ಚಾ ಅಂಗಡಿ, ಇದು ಕಿರಾಣಿ. ನಾನು ಬಡಬಡ ಕ್ಯಾಮೆರಾ ತೆಗೆದು ಸ್ಟೂಲ್ ಹತ್ತಿ ಮೇಲಿಂದ ಹಿಡಿದೆ. ಗಿರಣಿ ಆದ್ಮೇಲೆ ಮೂರನೇ ಮನೆ ಹತ್ರ ಚಾಕ್ ನಿಂತುಹೋಯ್ತು. ಯಾರ ಮನೆ ಅಂತ ನೆನಪಾಗ್ಲಿಲ್ಲ, ಹೆಂಡತೀನ ಕೂಗಿದ್ರು. ಅವರು ಸೆರಗಿಗೆ ಕೈ ಒರೆಸ್ಕೊಂಡು ಬಂದು ಒಂದೇ ಸಲ ನೋಡಿ, ಗಿರಣಿ ಆ ಕಡೆ ಅಲ್ಲ ಈ ಕಡೆ ಅಂದ್ರು. ಶುರುವಾಯ್ತು ನೋಡಿ ಜಗಳ! ಅಜ್ಜ ಒರೆಸೋದು, ಅಜ್ಜಿ ಬರೆಯೋದು, ನಡುವೆ ಯಾರೋ ನೆಂಟರ ಮದುವೆ ಸಾಕ್ಷಿಗೆ ಬಂತು, ದಿಬ್ಬಣ ಗಿರಣಿ ಮುಂದೆ ತಿರುಗಿತ್ತೋ ದಾಟಿ ತಿರುಗಿತ್ತೋ ಅಂತ. ಹನ್ನೆರಡು ನಿಮಿಷ. ಆ ಸಿನಿಮಾದಲ್ಲಿ ಜನ ಇವತ್ತಿಗೂ ನೆನಪಿಟ್ಟುಕೊಂಡಿರೋದು ಅದೊಂದೇ, ನಾನು ಕಷ್ಟಪಟ್ಟು ತೆಗೆದ ಅಣೆಕಟ್ಟಿನ ಸೂರ್ಯಾಸ್ತ ಯಾರಿಗೂ ನೆನಪಿಲ್ಲ.

ಅದಕ್ಕೆ ಹೇಳೋದು, ಅಜ್ಜಿ ಒಬ್ಬರನ್ನೇ ಕೂರಿಸ್ಬೇಡಿ. ಪಕ್ಕದ ಮನೆಯವರು, ಹಳೇ ಊರಲ್ಲೂ ಪಕ್ಕದಲ್ಲೇ ಇದ್ದವರು ಯಾರಾದ್ರೂ ಇದ್ರೆ ಕರೀರಿ. ಒಬ್ಬರ ನೆನಪನ್ನ ಇನ್ನೊಬ್ಬರು ತಿದ್ದೋವಾಗ ಬರೋ ವಿವರ ಯಾವ ಪ್ರಶ್ನೆಗೂ ಬರಲ್ಲ. ಭಾಷೆ ವಿಷಯದಲ್ಲೂ ಅಷ್ಟೇ, ಮನೇಲಿ ಕೊಂಕಣಿ ಮಾತಾಡೋರಾದ್ರೆ ಕೊಂಕಣೀಲೇ ಹೇಳ್ಲಿ, ಹಾಲಕ್ಕಿಯವರು ಅವರ ಕನ್ನಡದಲ್ಲೇ ಹೇಳ್ಲಿ. ಕ್ಯಾಮೆರಾ ಕಂಡ ಕೂಡ್ಲೇ ನಮ್ಮ ಜನ ದೂರದರ್ಶನದ ಕನ್ನಡಕ್ಕೆ ಬದಲಾಗಿಬಿಡ್ತಾರೆ, ಆ ಭಾಷೇಲಿ ಅವರಿಗೆ ನೆನಪೇ ಇರಲ್ಲ. ಕೆಳಗೆ ಅಕ್ಷರ ಹಾಕೋದು ನಿಮ್ಮ ಕೆಲಸ. ಮೊದಲ ದಿನ ಬ್ಯಾಗ್ ತೆಗೀಲೇಬೇಡಿ, ಬೆಲ್ಲ-ನೀರು ಕುಡಿದು, ಊಟಕ್ಕೆ ಏಳಿ ಅಂದ್ರೆ ಉಂಡು ಬನ್ನಿ.

ಇನ್ನು ಕಾಗದಪತ್ರ. ನಮ್ಮ ಜಿಲ್ಲೆಯದ್ದು ಒಂದು ವಿಚಿತ್ರ ಕಥೆ, ಇಲ್ಲಿಯ ಇತಿಹಾಸದ ಕಾಗದ ಇಲ್ಲಿಲ್ಲ. ಟಿಪ್ಪು ಹೋದ ಮೇಲೆ ಹೆಚ್ಚುಕಡಿಮೆ ಆರು ದಶಕ ನಾವು ಮದ್ರಾಸಿನವರು, 1862ಕ್ಕೆ ಉತ್ತರ ಕನ್ನಡವನ್ನ ಮುಂಬೈ ಪ್ರಾಂತಕ್ಕೆ ಸೇರಿಸಿದ್ರು, ಜಿಲ್ಲಾ ಕಚೇರಿ ಹೊನ್ನಾವರದಿಂದ ಕಾರವಾರಕ್ಕೆ ಬಂತು. ಆಗ ಅಮೆರಿಕದ ಅಂತರ್ಯುದ್ಧ, ಮ್ಯಾಂಚೆಸ್ಟರ್ ಗಿರಣಿಗಳಿಗೆ ಹತ್ತಿ ಇಲ್ಲ, ಧಾರವಾಡದ ಹತ್ತಿ ಸಾಗಿಸೋಕೆ ಒಳ್ಳೇ ಬಂದರು ಬೇಕಿತ್ತು, ಅದೇ ಒತ್ತಡ. ಅದಕ್ಕೂ ಮೊದ್ಲು ಆ ಹತ್ತಿ ಕುಮಟಾ ಬಂದರಿಂದ ಹೋಗ್ತಿತ್ತು, ಎಷ್ಟರ ಮಟ್ಟಿಗೆ ಅಂದ್ರೆ ಧಾರವಾಡ ಕಡೆ ಬೆಳೆದ ಹತ್ತಿಗೆ ವಿಲಾಯತಿ ಮಾರ್ಕೆಟ್ಟಲ್ಲಿ "ಕುಮಟಾ" ಅಂತಲೇ ಹೆಸರು. ಆಮೇಲೆ 1956ರ ನವೆಂಬರ್ 1ರ ತನಕ ನಾವು ಮುಂಬೈಯವರೇ. ಹಾಗಾಗಿ 1862ರ ಹಿಂದಿನದ್ದು ಬೇಕಾದ್ರೆ ಚೆನ್ನೈ ದಫ್ತರ, ಅಲ್ಲಿಂದ 1956ರವರೆಗಿನದ್ದಕ್ಕೆ ಮುಂಬೈ, ನಂತರದ್ದು ಬೆಂಗಳೂರು. ಸೋಂದಾ ಅರಸರದ್ದು ಇನ್ನೂ ಮಜಾ, ಹೈದರಾಲಿ ಸೋಂದಾ ಹಿಡಿದಾಗ ಅರಸರ ಮನೆತನ ಗೋವಾಕ್ಕೆ ಹೋಗಿ ಪೋರ್ಚುಗೀಸರ ಆಶ್ರಯ ಪಡೀತು, ಅವರ ವ್ಯವಹಾರ ತಿಳೀಬೇಕಂದ್ರೆ ಪಣಜಿ ದಫ್ತರದ ಬಾಗಿಲು ತಟ್ಟಬೇಕು. ನಿಮ್ಮ ಐದು ಜಾಗದ ಸಿನಿಮಾ ಯಾಕೆ ಬೇಡ ಅಂದೆ ಅಂತ ಈಗ ಗೊತ್ತಾಯ್ತಲ್ಲ, 60 ಸಾವಿರ ಬರೀ ರೈಲು-ಬಸ್ಸಿಗೇ ಆಗತ್ತೆ.

ಹಳೇ ಮುಂಬೈ ಸರ್ಕಾರದ ಗೆಜೆಟಿಯರ್, ಕೆನರಾ ಭಾಗ, 1883ರದ್ದು, ಎಲ್ಲರೂ ಅದನ್ನೇ ಕಾಪಿ ಹೊಡೀತಾರೆ. ನೀವೂ ಓದಿ, ಯಾವ ಬಂದರಿಂದ ಏನು ಸಾಗ್ತಿತ್ತು, ಯಾವ ಘಟ್ಟಕ್ಕೆ ಯಾವಾಗ ಗಾಡಿ ರಸ್ತೆ ಆಯ್ತು ಅನ್ನೋದಕ್ಕೆಲ್ಲ ಬಂಗಾರ ಅದು. ಆದ್ರೆ ಜಾತಿ ಜನರ ಬಗ್ಗೆ ಬರೆದ ಗುಣವಿಶೇಷಣಗಳನ್ನ ಎತ್ತಿ ನಿಮ್ಮ ನರೇಶನ್‌ನಲ್ಲಿ ಹಾಕ್ಬೇಡಿ, ಅವು ಸಾಹೇಬರು ಕುರ್ಚಿ ಮೇಲಿಂದ ನೋಡಿದ್ದು.

ನಿಮ್ಮ ಸಿನಿಮಾಕ್ಕೆ ಮಾತ್ರ ಅಷ್ಟು ದೂರ ಹೋಗೋದೇ ಬೇಡ. ಭೂಸ್ವಾಧೀನದ ಅಧಿಸೂಚನೆ ಹುಡುಕಿ, ಅದ್ರಲ್ಲಿ ಊರು, ಸರ್ವೆ ನಂಬರು, ಖಾತೆದಾರರ ಹೆಸರು, ಎಷ್ಟು ಎಕರೆ ಎಷ್ಟು ಗುಂಟೆ ಅಂತ ಉದ್ದಕ್ಕೆ ಪಟ್ಟಿ ಇರತ್ತೆ. ಸಿಗದಿದ್ರೆ ಮಾಹಿತಿ ಹಕ್ಕಲ್ಲಿ ಅರ್ಜಿ ಹಾಕಿ, ಜೊತೆಗೆ ಆ ಗ್ರಾಮದ ಹಳೇ ಸರ್ವೆ ನಕಾಶೆನೂ ಕೇಳಿ. ಓದೋಕೆ ಒಣ ಒಣ ಪಟ್ಟಿ. ಅದನ್ನೇ ಅಜ್ಜಿ ಮುಂದೆ ನಿಧಾನಕ್ಕೆ ಒಂದೊಂದೇ ಹೆಸರು ಓದಿ, ಕ್ಯಾಮೆರಾ ಅಜ್ಜಿ ಮುಖದ ಮೇಲಿರ್ಲಿ. ಕೆಲವು ಹೆಸರಿಗೆ ನಗ್ತಾರೆ, ಕೆಲವಕ್ಕೆ ಬೈತಾರೆ, ಕೆಲವಕ್ಕೆ ಸುಮ್ಮನಾಗ್ತಾರೆ, ಮುಂದಿನ ಹೆಸರಿಗೆ ಹೋಗೋಕೆ ಅವಸರ ಮಾಡ್ಬೇಡಿ. ಪಟ್ಟೀಲಿ ಹೆಸರಿಲ್ಲದವರ ಬಗ್ಗೆನೂ ಕೇಳಿ, ಜಾಗ ಅವರ ಹೆಸರಲ್ಲಿ ಇರ್ಲಿಲ್ಲ ಆದ್ರೆ ಅದೇ ಜಾಗದ ಮೇಲೆ ಬದುಕಿದ್ರು, ಗೇಣಿಯವರು, ಮೀನುಗಾರರು, ಕೂಲಿಯವರು. ಅಜ್ಜಿಗೆ ಗೊತ್ತಿರತ್ತೆ.

ಫೋಟೋ, ರೇಷನ್ ಕಾರ್ಡು, ಪರಿಹಾರದ ಕಾಗದ ಏನೇ ಸಿಗ್ಲಿ, ಅಲ್ಲೇ ಜಗಲಿ ಮೇಲೆ ನೆರಳಲ್ಲಿ ಇಟ್ಟು ಮೊಬೈಲಲ್ಲಿ ಹೊಡ್ಕೊಂಡು, ಅವರ ಕಣ್ಣೆದುರಿಗೇ ವಾಪಸ್ ಟ್ರಂಕಿಗೆ ಹಾಕಿ. "ಸ್ಕ್ಯಾನ್ ಮಾಡಿ ನಾಳೆ ತರ್ತೇನೆ" ಅನ್ನೋ ಮಾತೇ ಬೇಡ. ಹಾಗೆ ಹೇಳಿ ಆಲ್ಬಮ್ ತಗೊಂಡು ಹೋಗಿ ತಿರುಗಿ ಬಾರದ ಟಿವಿಯವರ ಪಾಪ ನಾನು ಎಷ್ಟೋ ಮನೆಗಳಲ್ಲಿ ಹೊತ್ತಿದ್ದೇನೆ, ಬಾಗಿಲಲ್ಲೇ ಕೇಳ್ತಾರೆ, ನೀವೂ ಅವರ ಥರವಾ ಅಂತ.

ಈಗ ಡ್ರೋನ್. ಅದನ್ನ ಹುಬ್ಬಳ್ಳೀಲೇ ಬಿಟ್ಟು ಬನ್ನಿ. 250 ಗ್ರಾಂ ಒಳಗಿನದ್ದಕ್ಕೆ ಲೈಸೆನ್ಸ್ ಬೇಡ, ಹಾಗಾಗಿ ಎಲ್ಲಿ ಬೇಕಾದ್ರೂ ಹಾರಿಸ್ಬಹುದು ಅಂತ ಹುಡುಗರು ಅಂದ್ಕೊಂಡಿದಾರೆ, ತಪ್ಪು. ಕೆಂಪು ವಲಯ, ಅಂದ್ರೆ ಸರ್ಕಾರದ ಅನುಮತಿ ಇಲ್ಲದೆ ಹಾರಿಸಬಾರದ ಜಾಗ, ಎಲ್ಲಾ ಡ್ರೋನಿಗೂ ಕೆಂಪೇ, ನೌಕಾನೆಲೆ ಸುತ್ತ ಹಾರಿಸಿದ್ರೆ ಸಿನಿಮಾ ಬಿಟ್ಟು ಪೊಲೀಸ್ ಸ್ಟೇಷನ್ ಕಥೆ ಆಗತ್ತೆ. ಗೋಡೆ, ಗೇಟು, ಹಡಗು, ಜೆಟ್ಟಿ ಯಾವುದೂ ಫ್ರೇಮಲ್ಲಿ ಬೇಡ, ಗುಡ್ಡದ ಮೇಲಿಂದ ಝೂಮ್ ಹಾಕೋದೂ ಬೇಡ. ಅಂಜುದೀವ್ ಕಥೆನೂ ಇದೇ. 1498ಕ್ಕೆ ವಾಸ್ಕೋ ಡ ಗಾಮಾ ನಿಂತ ದ್ವೀಪ, 1961ರ ಡಿಸೆಂಬರ್ ತನಕ ಪೋರ್ಚುಗೀಸರ ಕೈಲಿತ್ತು, ಬಿಡಿಸ್ಕೊಳ್ಳೋವಾಗ ನಮ್ಮ ನೌಕಾಪಡೆಯ ಏಳು ಜನ ಸತ್ತರು, ಈಗ ನೆಲೆಯೊಳಗೇ ಸೇರಿದೆ, ಅನುಮತಿ ಇಲ್ಲದೆ ಕಾಲಿಡೋ ಹಾಗಿಲ್ಲ. ನಿಜ ಹೇಳ್ಬೇಕಂದ್ರೆ ನಿಮಗೆ ಗೋಡೆ ಬೇಕಾಗಿಯೂ ಇಲ್ಲ. ಕಾರವಾರ-ಅಂಕೋಲಾ ಲೋಕಲ್ ಬಸ್ಸಲ್ಲಿ ಕೂತು ಬರೀ ಸೌಂಡ್ ರೆಕಾರ್ಡ್ ಮಾಡಿ, ಕಂಡಕ್ಟರ್ ಯಾವ ಯಾವ ಸ್ಟಾಪಿನ ಹೆಸರು ಕೂಗ್ತಾರೆ, ಯಾವ ಸ್ಟಾಪಲ್ಲಿ ಇಳಿಯೋರು ಯಾರು ಅಂತ ಕೇಳಿಸ್ಕೊಳ್ಳಿ. ಊರು ಹೋದ್ರೂ ಟಿಕೆಟಲ್ಲಿ ಹೆಸರು ಉಳಿದಿರತ್ತೆ.

ಮುಂದೆ ಎಂದಾದ್ರೂ ಮಿರ್ಜಾನ್, ಗೇರುಸೊಪ್ಪೆ ಮಾಡೇ ಮಾಡ್ತೀರಿ ಅಂತ ಗೊತ್ತು, ಅದಕ್ಕೊಂದಿಷ್ಟು ಹೇಳಿಬಿಡ್ತೇನೆ. ಪುರಾತತ್ವ ಇಲಾಖೆ ಕೈಲಿರೋ ಸ್ಮಾರಕದಲ್ಲಿ ಸ್ಟ್ಯಾಂಡ್ ಹಾಕಿ ಶೂಟ್ ಮಾಡೋಕೆ ಮೊದಲೇ ಅನುಮತಿ ತಗೊಳ್ಳಿ, ಗೇಟಲ್ಲಿ ಜಗಳ ಆಡಿ ಉಪಯೋಗ ಇಲ್ಲ. ಸುರಂಗದ ಕಥೆ ಪ್ರತಿ ಕೋಟೇಲೂ ಹೇಳ್ತಾರೆ, ಹೇಳೋರನ್ನ ಹಿಡೀರಿ, ಆದ್ರೆ ನಿಮ್ಮ ಬಾಯಲ್ಲಿ ಸತ್ಯ ಅಂತ ಹೇಳ್ಬೇಡಿ. ಮಿರ್ಜಾನ್ ಕಟ್ಟಿಸಿದ್ದು ಗೇರುಸೊಪ್ಪೆ ರಾಣಿ ಚೆನ್ನಭೈರಾದೇವಿ ಅಂತ ಕೆಲವರು, ಬಿಜಾಪುರದ ಸುಲ್ತಾನರು ಅಂತ ಕೆಲವರು, ಎರಡನ್ನೂ ಇಡಿ. ಶಾಸನ, ವೀರಗಲ್ಲು ಕಾಣ್ಲಿ ಅಂತ ಹಿಟ್ಟು, ಸುಣ್ಣ ಬಳೀಬೇಡಿ, ಕತ್ತಲಾದ ಮೇಲೆ ಒಂದು ಟಾರ್ಚ್ ಪಕ್ಕದಿಂದ ಓರೆಯಾಗಿ ಹಿಡಿದ್ರೆ ಅಕ್ಷರ ತಾನಾಗೇ ಎದ್ದು ಕಾಣತ್ತೆ. ಕಾಡೊಳಗಿನ ಬಸದಿ, ಮೂರ್ತಿ ತೋರಿಸಿದ್ರೆ ಜಾಗದ ಹೆಸರು, ದಾರಿ ಹೇಳ್ಬೇಡಿ. ನಾನು ಒಂದ್ಸಲ ಉತ್ಸಾಹದಲ್ಲಿ ಸೇತುವೆಯಿಂದ ಎಷ್ಟು ದೂರ, ಯಾವ ಕಡೆ ಅಂತೆಲ್ಲ ಹೇಳಿಬಿಟ್ಟಿದ್ದೆ, ಮುಂದಿನ ಮಳೆಗಾಲ ಮುಗಿಸಿ ಹೋಗೋ ಹೊತ್ತಿಗೆ ಪೀಠದ ಕೆಳಗೆ ಆಳುದ್ದ ಗುಂಡಿ. ನಿಧಿಗಳ್ಳರಿಗೆ ನಾನೇ ಮ್ಯಾಪ್ ಬರೆದುಕೊಟ್ಟ ಹಾಗಾಗಿತ್ತು.

ದುಡ್ಡಿನ ಲೆಕ್ಕ ಜಾಸ್ತಿ ಇಲ್ಲ. ಹೊಸ ಕ್ಯಾಮೆರಾ ಬೇಡ, ಕಾಲರಿಗೆ ಸಿಕ್ಕಿಸೋ ಎರಡು ಒಳ್ಳೇ ಮೈಕು, ಅದಕ್ಕೆ ಗಾಳಿ ತಡೆಯೋ ರೋಮದ ಟೊಪ್ಪಿ, ಒಂದು ಗಟ್ಟಿ ಸ್ಟ್ಯಾಂಡು, ಎರಡು ಹಾರ್ಡ್ ಡಿಸ್ಕು. ಎರಡು ಅಂದ್ರೆ ಎರಡು, ಒಂದು ನಿಮ್ಮ ಹತ್ರ, ಒಂದು ಬೇರೆ ಮನೇಲಿ. ಎಡಿಟಿಂಗಿಗೆ ಡಾವಿಂಚಿ ರಿಸಾಲ್ವ್ ಫ್ರೀ ವರ್ಷನ್ ಧಾರಾಳ ಆಯ್ತು. ಉಳಿದ ದುಡ್ಡು ಓಡಾಟಕ್ಕೆ, ಮತ್ತೆ ಕೊಂಕಣಿ ಅನುವಾದ ಮಾಡಿಕೊಡೋರಿಗೆ, ಅವರಿಗೆ ಕೊಡದೇ ಇರ್ಬೇಡಿ. ಸೌಂಡ್ ವಿಷಯಕ್ಕೆ, ಮನೆ ಒಳಗೆ ಫ್ಯಾನ್, ಫ್ರಿಜ್ ಬಂದ್ ಮಾಡ್ಸಿ, ಫ್ರಿಜ್ ಬಂದ್ ಮಾಡಿದಾಗ ನಿಮ್ಮ ಗಾಡಿ ಕೀಲಿ ಅದರೊಳಗೆ ಇಡಿ, ಇಲ್ಲಾಂದ್ರೆ ಪುನಃ ಚಾಲು ಮಾಡೋದು ಮರೆತು ಅವರ ಮೀನೆಲ್ಲ ಹಾಳಾಗತ್ತೆ. ಮಳೆಗಾಲದಲ್ಲಿ ಹೆಂಚಿನ ಮನೇಲಿ ಸಂದರ್ಶನ ಅಸಾಧ್ಯ, ಲೆನ್ಸಿಗೂ ಬೂಷ್ಟು ಹಿಡಿಯತ್ತೆ, ಗಟ್ಟಿ ಮುಚ್ಚಳದ ಡಬ್ಬೀಲಿ ಸಿಲಿಕಾ ಜೆಲ್ ಹಾಕಿಡಿ. ಬೆಳಕು ಅಂದ್ರೆ ನಮ್ಮಲ್ಲಿ ಸೂರ್ಯ ಘಟ್ಟ ಹತ್ತಿ ಬರೋ ಹೊತ್ತಿಗೇ ತಡ ಆಗಿರತ್ತೆ, ಸಾಯಂಕಾಲ ನಾಲ್ಕರ ಮೇಲೆ ಕಡಲ ಕಡೆಯಿಂದ ಬರೋ ಬೆಳಕಿಗೆ ಮುಖ ಇರೋ ಜಗಲಿ ನೋಡ್ಕೊಳ್ಳಿ.

ಹಳೇದು ಅಂದ್ರೆ ಬರೀ ಕೋಟೆ ಅಂದ್ಕೊಳ್ಬೇಡಿ. ಕಾಳಿ ನದಿಯ ಹಳೇ ಸೇತುವೆ 2024ರ ಆಗಸ್ಟ್ 7ರ ನಸುಕಿನಲ್ಲಿ ಕುಸಿದು ಬಿತ್ತಲ್ಲ, ನಾನು ನೂರಾರು ಸಲ ದಾಟಿದ್ದೇನೆ, ಪ್ರತಿ ಸಲ ಕ್ಯಾಮೆರಾ ಬ್ಯಾಗಲ್ಲೇ ಇತ್ತು, ಸದಾಶಿವಗಡದ ಕೋಟೆ ಮೇಲೆ ನಿಂತು ಹತ್ತು ಥರದ ಸೂರ್ಯಾಸ್ತ ತೆಗೆದಿದ್ದೇನೆ, ಆ ಸೇತುವೆ ಮೇಲೆ ಜನ ಗಾಳ ಹಾಕಿ ಕೂತದ್ದರ ಒಂದು ಶಾಟ್ ನನ್ನ ಹತ್ರ ಇಲ್ಲ. ನಿಮ್ಮ ಅಜ್ಜಿಯ ಈಗಿನ ಮನೆನೂ ಹಾಗೇ, ಕಾಲನಿ ರಸ್ತೆ, ನಲ್ಲಿ ಮುಂದಿನ ಕೊಡಗಳ ಸಾಲು, ಹಳೇ ಊರಿಂದ ಹೊತ್ತುತಂದ ದೇವರಿಗೆ ಕಟ್ಟಿದ ಹೊಸ ಗುಡಿ ಇದ್ರೆ ಅದು, ಎಲ್ಲಾ ಹಿಡಿದಿಡಿ.

ಎಡಿಟ್ ಅರ್ಧ ಆದ ಕೂಡ್ಲೇ ಮೊದಲ ಶೋ ಕಾಲನೀಲೇ ಹಾಕಿ, ಒಂದು ಬಿಳೀ ಪಂಜೆ ಕಟ್ಟಿ, ಯಾರದ್ದಾದ್ರೂ ಪ್ರೊಜೆಕ್ಟರ್ ಕೇಳಿ ತಂದು. ಜನ ಮಧ್ಯದಲ್ಲೇ ಕೂಗ್ತಾರೆ, ಅದು ಅವರ ಮನೆಯಲ್ಲ, ಆ ಹೆಸರು ತಪ್ಪು, ನಮ್ಮನೆಯವರದ್ದು ಎಂತಕ್ಕೆ ಹಾಕ್ಲಿಲ್ಲ ಅಂತ. ಒಂದು ಮೊಬೈಲು ಜನರ ಕಡೆ ತಿರುಗಿಸಿ ರೆಕಾರ್ಡಿಗೆ ಇಟ್ಟಿರಿ, ತಿದ್ದೋಕೂ ಆಯ್ತು, ಸಿನಿಮಾದ ಕೊನೇ ಭಾಗಕ್ಕೂ ಆಯ್ತು. ತೋರಿಸ್ಬೇಡಿ ಅಂತ ಯಾರಾದ್ರೂ ಅಂದ್ರೆ ಆ ತುಂಡು ತೆಗೆದುಬಿಡಿ, ವಾದ ಬೇಡ.

ಈ ಶನಿವಾರ ರಜೆ ಇದ್ರೆ ಅಜ್ಜಿ ಮನೆಗೆ ಹೋಗಿ ಬನ್ನಿ. ಮೊದಲ ದಿನ ಕ್ಯಾಮೆರಾ ಬೇಡ ಅಂದಿದ್ದೇನೆ, ಆದ್ರೆ ಚಾಕ್‌ಪೀಸ್ ಒಂದು ಬಾಕ್ಸ್ ತಗೊಂಡು ಹೋಗಿ, ಬಣ್ಣದ್ದೂ ಇರ್ಲಿ, ಹೊಳೆ, ಗದ್ದೆ, ರಸ್ತೆ ಬೇರೆ ಬೇರೆ ಕಾಣ್ಬೇಕಾಗತ್ತೆ.